ಮೈಕ್ ಇಲ್ಲದ ಕಾಲದ ಏಳು ತಂತಿ

ಕೋಲಾರ, ಮಾಲೂರು, ಮುಳಬಾಗಿಲು, ಶ್ರೀನಿವಾಸಪುರದ ಹಳ್ಳಿಗಳಲ್ಲಿ ತಮಟೆ ಬಡಿಯುವ ಮೊದಲು ಬೆಂಕಿಗೆ ಹಿಡಿದು ಕಾಯಿಸುವುದನ್ನು ನೀವೆಲ್ಲ ನೋಡಿರುತ್ತೀರಿ. ಚರ್ಮ ಬಿಗಿಯಾದರೆ ಸದ್ದು ಊರಾಚೆಗೂ ಕೇಳುತ್ತದೆ. ತಮಟೆಗೆ ಮೈಕ್ ಬೇಕಿಲ್ಲ. ಆದರೆ ಪಿಟೀಲಿನ ಗತಿ ಏನು?

ಸುಮಾರು ನೂರು ವರ್ಷದ ಹಿಂದೆ ಮೈಸೂರಿನ ಟಿ. ಚೌಡಯ್ಯನವರನ್ನು ಕಾಡಿದ್ದು ಇದೇ ಪ್ರಶ್ನೆ. ಅವರದು ತಿರುಮಕೂಡಲು ನರಸೀಪುರದ ಕಡೆ. ಬಿಡಾರಂ ಕೃಷ್ಣಪ್ಪನವರ ಬಳಿ ಕಲಿತು, ದೊಡ್ಡ ದೊಡ್ಡ ಗಾಯಕರಿಗೆ ಪಕ್ಕವಾದ್ಯ ನುಡಿಸುತ್ತಿದ್ದರು. ಚೆಂಬೈ ವೈದ್ಯನಾಥ ಭಾಗವತರಂಥವರದು ಗಟ್ಟಿ ಕಂಠ. ಅದರ ಎದುರು ನಾಲ್ಕು ತಂತಿಯ ಪಿಟೀಲು ಚಪ್ಪರದ ಹಿಂದೆ ಕೂತವರಿಗೆ ಕೇಳುವುದೇ ಕಷ್ಟ.

ಆಗ ನಮ್ಮ ರಾಜ್ಯದಲ್ಲಿ ಕರೆಂಟ್ ಇರಲಿಲ್ಲವೇ? ಇತ್ತು. ಶಿವನಸಮುದ್ರದಿಂದ ಸುಮಾರು 147 ಕಿ.ಮೀ. ತಂತಿ ಎಳೆದು 1902ರಲ್ಲೇ ನಮ್ಮ ಕೆಜಿಎಫ್‌ಗೆ ಕರೆಂಟ್ ಕೊಟ್ಟಿದ್ದರು. ಬೆಂಗಳೂರಿನ ಬೀದಿಗೆ ದೀಪ ಬಂದದ್ದು ಅದಾದ ಮೇಲೆ, 1905ರಲ್ಲಿ. ಆದರೆ ಆ ಕರೆಂಟ್ ಬಂದದ್ದು ಚಿನ್ನದ ಗಣಿಗೆ. ಸಂಗೀತದ ಚಪ್ಪರಕ್ಕೆ ಮೈಕ್ ಬರಲು ಇನ್ನೂ ಕಾಲ ಬೇಕಿತ್ತು.

ಚೌಡಯ್ಯನವರು ಕಾಯಲಿಲ್ಲ. 1927ರ ಹೊತ್ತಿಗೆ ಪಿಟೀಲಿಗೆ ಇನ್ನೂ ಮೂರು ತಂತಿ ಸೇರಿಸಿ ಏಳು ಮಾಡಿದರು. ಕೇಳಲು ಸುಲಭ, ಮಾಡಲು ಕಷ್ಟ. ಒಂದು ಬೆರಳು ಜೋಡಿ ತಂತಿಯನ್ನು ಒಟ್ಟಿಗೆ ಒತ್ತಬೇಕು. ಎರಡರ ಶ್ರುತಿಯೂ ಕೂಡಬೇಕು. ಕೂದಲೆಳೆಯಷ್ಟು ತಪ್ಪಿದರೂ ಅಪಸ್ವರ. ಅಷ್ಟು ಹೊತ್ತಿಗೆ ಗಳಿಸಿದ್ದ ಹೆಸರನ್ನೇ ಅವರು ಪಣಕ್ಕಿಟ್ಟಿದ್ದರು. ಕೈ ಪಳಗಿತು, ನಾದ ತುಂಬಿ ಬಂತು. ಮೈಸೂರು ಅರಮನೆಯ ಆಸ್ಥಾನ ವಿದ್ವಾಂಸರಾಗಿದ್ದ ಅವರಿಗೆ 1957ರಲ್ಲಿ ಮದರಾಸಿನ ಸಂಗೀತ ಅಕಾಡೆಮಿ 'ಸಂಗೀತ ಕಲಾನಿಧಿ' ಬಿರುದು ಕೊಟ್ಟಿತು.

ಅದೇ ಕಾಲಕ್ಕೆ ಅಮೆರಿಕದಲ್ಲಿ ಗಿಟಾರ್ ನುಡಿಸುವವರಿಗೂ ಇದೇ ಕಷ್ಟ. ಬ್ಯಾಂಡಿನ ತುತ್ತೂರಿಗಳ ನಡುವೆ ಗಿಟಾರ್ ಕೇಳುತ್ತಿರಲಿಲ್ಲ. ಅವರು ಹಿಡಿದದ್ದು ಕರೆಂಟಿನ ದಾರಿ. 1932ರಲ್ಲಿ ರಿಕನ್‌ಬ್ಯಾಕರ್ ಕಂಪನಿಯವರ ಎಲೆಕ್ಟ್ರಿಕ್ ಗಿಟಾರ್ ಮಾರಾಟಕ್ಕೆ ಬಂತು. ಕಷ್ಟ ಒಂದೇ, ದಾರಿ ಎರಡು. ಅಲ್ಲಿ ಯಂತ್ರ ದುಡಿಯಿತು, ಇಲ್ಲಿ ಬೆರಳು ದುಡಿಯಿತು.

ಚೌಡಯ್ಯನವರು 1967ರಲ್ಲಿ ತೀರಿಕೊಂಡರು. ಬೆಂಗಳೂರಿನಲ್ಲಿ ಅವರ ಹೆಸರಿನ ಸಭಾಂಗಣವನ್ನು ಪಿಟೀಲಿನ ಆಕಾರದಲ್ಲೇ ಕಟ್ಟಿದ್ದಾರೆ. ಆದರೆ ಏಳು ತಂತಿ ನುಡಿಸುವವರು ಈಗ ವಿರಳ. ಹಳ್ಳಿಯ ಭಜನೆ ಮನೆಗೂ ಆಂಪ್ಲಿಫೈಯರ್ ಬಂದಿರುವಾಗ ಅಷ್ಟು ಕಷ್ಟ ಯಾರಿಗೆ ಬೇಕು?

ಹಾಗಂತ ಆ ಪ್ರಯೋಗ ಸೋತಿತು ಅನ್ನಬೇಡಿ. ಪಂಪ್‌ಸೆಟ್ ಬಂದ ಮೇಲೆ ನಮ್ಮ ಬಾವಿಗಳಲ್ಲಿ ಕಪಿಲೆ ನಿಂತುಹೋಯಿತು. ಕಪಿಲೆ ಹೊಡೆದು ಬೆಳೆದ ರಾಗಿ ಮಾತ್ರ ಅಷ್ಟೂ ಮನೆಗಳ ಹೊಟ್ಟೆ ತುಂಬಿಸಿತ್ತು.