ಎಂಟರ ಗೆರೆ

ಮಕ್ಕಳನ್ನು ಬೆಳೆಸುವುದು ಮನೆಯ ಮಾತು, ಅದರಲ್ಲಿ ಸರ್ಕಾರಕ್ಕೇನು ಕೆಲಸ ಎಂಬ ವಾದ ನಮ್ಮಲ್ಲಿ ಬಹಳ ಹಳೆಯದು. ಮೈಸೂರು ಸಂಸ್ಥಾನದಲ್ಲಿ ಈ ವಾದಕ್ಕೆ 1894ರಲ್ಲಿ ದೊಡ್ಡ ಪೆಟ್ಟು ಬಿತ್ತು. ಶೇಷಾದ್ರಿ ಅಯ್ಯರ್ ದಿವಾನರಾಗಿದ್ದ ಆ ವರ್ಷ ಶಿಶುವಿವಾಹ ನಿಷೇಧದ ಕಾಯಿದೆ ಹೊರಟಿತು. 8 ತುಂಬದ ಹುಡುಗಿಗೆ ಮದುವೆ ಮಾಡಕೂಡದು. 50 ದಾಟಿದ ಗಂಡಸು 14 ತುಂಬದವಳನ್ನು ಲಗ್ನವಾಗಕೂಡದು. ಇಷ್ಟೇ ಅದರ ತಿರುಳು.

ಎಂಟೂ ಒಂದು ವಯಸ್ಸೇ ಎಂದು ಇಂದಿನವರು ನಕ್ಕಾರು. ಆದರೆ ಅದಕ್ಕೂ ಎಳೆಯ ಮಕ್ಕಳನ್ನು ಧಾರೆಯೆರೆಯುವ ಮನೆಗಳಿದ್ದುದರಿಂದಲೇ ಆ ಗೆರೆ ಬೇಕಾಯಿತು. ನನ್ನ ಮುತ್ತಜ್ಜಿಯ ಮದುವೆ 9ರಲ್ಲಿ ಆಯಿತು. ಅದು ಕಾಯಿದೆಗೆ ಒಪ್ಪಿದ ಮದುವೆಯೇ! ಅಳಗುಳಿಮಣೆಯ ಮುಂದಿನಿಂದ ಎಬ್ಬಿಸಿ ಹಸೆಮಣೆಗೆ ಕೂರಿಸಿದರೆಂದು ನಮ್ಮಜ್ಜಿ ಹೇಳುತ್ತಿದ್ದರು. ಹಿರಿಯರಿಗೆ ಮಗಳ ಮೇಲೆ ಪ್ರೀತಿಯಿರಲಿಲ್ಲವೆಂದಲ್ಲ. ಕೊಟ್ಟ ಮನೆಗೆ ಎಳವೆಯಲ್ಲೇ ಒಗ್ಗಿಕೊಳ್ಳಲಿ ಎಂಬುದೇ ಅವರ ಅಕ್ಕರೆಯ ರೀತಿ. ನಮ್ಮ ಬಡಾವಣೆಗೆ ಹೆಸರಾದ ಬಾಪೂಜಿಯವರೂ 13ರಲ್ಲೇ ಮದುವೆಯಾದವರು. ಆತ್ಮಕಥೆಯಲ್ಲಿ ಅದನ್ನು ಅವರು ಸಮರ್ಥಿಸಲಿಲ್ಲ.

ಆ ಅಕ್ಕರೆಗೆ ಬೆಲೆ ತೆತ್ತವರು ಬಾಲವಿಧವೆಯರು. ಆರ್. ಕಲ್ಯಾಣಮ್ಮನವರು ಅವರಲ್ಲೊಬ್ಬರು. ಮೂಲೆ ಹಿಡಿದು ಕೂರದೆ ಅವರು ಓದಿದರು, ಬರೆದರು, ‘ಸರಸ್ವತಿ’ ಮಾಸಪತ್ರಿಕೆಯನ್ನು ದಶಕಗಳ ಕಾಲ ನಡೆಸಿದರು. 1938ರಲ್ಲಿ ಬೆಂಗಳೂರಿನಲ್ಲಿ ಮಕ್ಕಳ ಕೂಟವನ್ನು ಕಟ್ಟಿದರು. ಚಾಮರಾಜಪೇಟೆಯ ಆ ಕೂಟ ಮೈಸೂರು ರಸ್ತೆ ಹಿಡಿದರೆ ನಮಗೆ ದೂರವೇನಲ್ಲ. ತಮಗೆ ದಕ್ಕದ ಬಾಲ್ಯವನ್ನು ಆ ತಾಯಿ ಊರ ಮಕ್ಕಳಿಗೆ ಹಂಚಿದರು. ಕಾಯಿದೆ ಬೇಡವೆಂದಿತು, ಬೇಕಾದುದು ಯಾವುದೆಂದು ತೋರಿಸಿದವರು ಇಂಥವರು.

ಬ್ರಿಟಿಷ್ ಇಂಡಿಯಾದಲ್ಲಿ 1929ರ ಶಾರದಾ ಕಾಯಿದೆ ಹೆಣ್ಣಿನ ವಯಸ್ಸನ್ನು 14 ಎಂದಿತು. ಸ್ವತಂತ್ರ ಭಾರತ 1978ರಲ್ಲಿ ಅದನ್ನು 18ಕ್ಕೆ ಏರಿಸಿತು. 8ರಿಂದ 18ಕ್ಕೆ ಬರಲು ನಮಗೆ 84 ವರ್ಷ ಹಿಡಿಯಿತು. ಒಂದೊಂದು ವರ್ಷದ ಬಾಲ್ಯಕ್ಕೂ ಎಂಟು ವರ್ಷಕ್ಕಿಂತ ಹೆಚ್ಚಿನ ಕಾಯುವಿಕೆ!

ಬಾಪೂಜಿನಗರದ ನಮ್ಮ ಬೀದಿಯಲ್ಲಿ ಈಗ ಎಂಟರ ಹುಡುಗಿಗೆ ಯಾರೂ ವರ ಹುಡುಕುವುದಿಲ್ಲ. ಸಂಜೆಯಾದರೆ ಚೀಲ ಹೊತ್ತು ಅವಳು ಟ್ಯೂಷನ್ನಿಗೆ ಹೋಗುತ್ತಾಳೆ, ಅಲ್ಲಿಂದ ಸಂಗೀತದ ಪಾಠಕ್ಕೆ. ಇದೂ ಅಕ್ಕರೆಯೇ. ಮುತ್ತಜ್ಜಿಯ ಗತಿಗೆ ಇದನ್ನು ಹೋಲಿಸುವುದು ಅನ್ಯಾಯವಾದೀತು. ಆದರೂ ಮಗುವಿನ ನಾಳೆಗಾಗಿ ಅದರ ಇಂದನ್ನು ಕೇಳುವುದು ಹಿರಿಯರ ಹಳೆಯ ಚಾಳಿ. ಮದುವೆಯನ್ನು ಕಾಯಿದೆ ತಡೆದೀತು. ಸಂಜೆಯ ಒಂದು ಗಂಟೆಯ ಆಟವನ್ನು ಕೊಡಬೇಕಾದವರು ಮನೆಯವರೇ.