ಮೂವತ್ತು ಗೆರೆಗಳಲ್ಲಿ ಒಂದು ನಾಟಕ

ನಾಟಕದ ಚರಿತ್ರೆಯಲ್ಲಿ ಕವಿಗೆ ಸ್ಥಾನವುಂಟು, ನಟನಿಗೂ ಉಂಟು. ಕೃತಿಯನ್ನು ಹೊಸದೊಂದು ಮಾಧ್ಯಮಕ್ಕೆ ಒಗ್ಗಿಸಿದ ನಿರ್ಮಾಪಕನಿಗೆ ಮಾತ್ರ ಅಡಿಟಿಪ್ಪಣಿಯೇ ಗತಿ. ಬಹುಕಾಲ ನಾಟಕಗಳನ್ನು ಪಾಠ ಹೇಳಿದ ನನಗೆ ಇದು ಅನ್ಯಾಯವೆಂದೇ ತೋರುತ್ತದೆ. ದೂರದರ್ಶನದ ಶೈಶವಕ್ಕೆ ಸೇರಿದ ಒಂದು ಪ್ರಸಂಗವನ್ನು ಇದಕ್ಕೆ ನಿದರ್ಶನವಾಗಿ ತಮ್ಮ ಮುಂದಿಡುತ್ತೇನೆ.

1930ನೆಯ ಇಸವಿ ಜುಲೈ 14ರಂದು ಬಿ.ಬಿ.ಸಿ. ಸಂಸ್ಥೆಯು ಜಾನ್ ಬೇರ್ಡನ ಕಂಪೆನಿಯೊಡನೆ ಸೇರಿ ಲಂಡನ್ನಿನಿಂದ ಬ್ರಿಟನ್ನಿನ ಮೊದಲ ದೂರದರ್ಶನ ನಾಟಕವನ್ನು ಪ್ರಸಾರ ಮಾಡಿತು. ಅದರ ನಿರ್ಮಾಪಕ ರೇಡಿಯೊದಲ್ಲಿ ಪಳಗಿದ ಲ್ಯಾನ್ಸ್ ಸೀವ್‌ಕಿಂಗ್. ಆತನಿಗೆ ದೊರೆತ ಸಾಧನವೋ ತೀರ ಬಡವಾದುದು. ಇಡೀ ಚಿತ್ರಕ್ಕೆ 30 ಗೆರೆಗಳು ಮಾತ್ರ. ಚೌಕಟ್ಟಿನಲ್ಲಿ ಒಂದು ಸಲಕ್ಕೆ ಒಬ್ಬರ ಮುಖ ಹಿಡಿದರೆ ಹೆಚ್ಚು. ಯಂತ್ರವು ನಟನತ್ತ ತಿರುಗಲಾರದು. ನಟರೇ ಸರದಿಯಂತೆ ಅದರೆದುರು ಬಂದು ಕೂರಬೇಕು.

ಈ ಇಕ್ಕಟ್ಟಿಗೆ ಹೊಂದುವಂತೆ ಆಯ್ಕೆಯಾದುದು ಇಟಲಿಯ ಪಿರಾಂಡೆಲೊ ಬರೆದ 'ಬಾಯಲ್ಲಿ ಹೂವುಳ್ಳ ಮನುಷ್ಯ' ಎಂಬ ಏಕಾಂಕ. 1934ರಲ್ಲಿ ನೊಬೆಲ್ ಬಹುಮಾನ ಪಡೆದವನೇ ಈ ನಾಟಕಕಾರ. ರಾತ್ರಿಯ ಹೊತ್ತು, ಒಂದು ಕಾಫಿ ಅಂಗಡಿ. ರೈಲು ತಪ್ಪಿಸಿಕೊಂಡವನೊಬ್ಬ, ಅವನೊಡನೆ ಮಾತಿಗಿಳಿಯುವ ಇನ್ನೊಬ್ಬ. ಈ ಎರಡನೆಯವನ ತುಟಿಯ ಬಳಿಯ 'ಹೂವು' ಮೃತ್ಯುವು ಇಟ್ಟುಹೋದ ಗಡ್ಡೆ. ಅಂಗಡಿಯವರು ಪೊಟ್ಟಣ ಕಟ್ಟುವ ಬಗೆಯನ್ನು ಕೂಡ ಆಸೆಯಿಂದ ನೆನೆಯುತ್ತ ಅವನು ಬದುಕಿಗೆ ಅಂಟಿಕೊಳ್ಳುತ್ತಾನೆ. ಇಲ್ಲಿ ಓಡಾಟವಿಲ್ಲ, ಸೇನೆಯಿಲ್ಲ, ಆಸ್ಥಾನವಿಲ್ಲ. ಇರುವುದು ಮುಖ ಮತ್ತು ಮಾತು. ಯಂತ್ರಕ್ಕೆ ಸಾಧ್ಯವಿದ್ದುದೂ ಅಷ್ಟೆ!

ಇನ್ನು ನಿರ್ಮಾಪಕನ ಕೈಚಳಕವನ್ನು ನೋಡಿ. ಮಸುಕು ಚಿತ್ರದಲ್ಲಿ ಕಣ್ಣು ಬಾಯಿಗಳು ಕರಗಿಹೋಗದಂತೆ ನಟರ ಮುಖಕ್ಕೆ ಗಾಢವಾದ ಬಣ್ಣ ಬಳಿಯಲಾಯಿತು. ಒಬ್ಬ ಎದ್ದು ಮತ್ತೊಬ್ಬ ಕೂರುವ ಅವಧಿಯಲ್ಲಿ ಚೌಕುಳಿಯ ಹಲಗೆಯೊಂದನ್ನು ಅಡ್ಡಲಾಗಿ ಸರಿಸಲಾಯಿತು; ಬಯಲಾಟದಲ್ಲಿ ಇಬ್ಬರು ಹಿಡಿದು ನಿಲ್ಲುವ ತೆರೆಯನ್ನು ಬಲ್ಲವರಿಗೆ ಇದರ ಮರ್ಮವನ್ನು ವಿವರಿಸಬೇಕಾಗಿಲ್ಲ. ದೃಶ್ಯಾವಳಿಗೆ ನೆವಿನ್‌ಸನ್ ಎಂಬ ಕಲಾವಿದನ ಚಿತ್ರಗಳು, ಸಂಗೀತಕ್ಕೆ ಗ್ರಾಮಫೋನ್ ತಟ್ಟೆ. ಇವೆಲ್ಲವೂ ಪ್ರಸಾರದ ಹೊತ್ತಿನಲ್ಲಿಯೇ ಕೂಡಿಬರಬೇಕು; ತಪ್ಪಿದರೆ ತಿದ್ದುವ ಅವಕಾಶವಿರಲಿಲ್ಲ.

ಆ ಪ್ರಸಾರದ ಮುದ್ರಿಕೆ ಉಳಿದಿಲ್ಲ. 1967ರಲ್ಲಿ ನಾಟಕವನ್ನು 30 ಗೆರೆಗಳಲ್ಲಿಯೇ ಮತ್ತೆ ಕಟ್ಟಿದಾಗ ಸೀವ್‌ಕಿಂಗ್ ಸ್ವತಃ ನೆರವಾದನು. ನೆವಿನ್‌ಸನ್ನನ ಮೂಲಚಿತ್ರಗಳೂ ಮತ್ತೆ ಬಳಕೆಗೆ ಬಂದವು. ಐದು ವರ್ಷಗಳಲ್ಲಿ, 1972ರಲ್ಲಿ, ಆತ ತೀರಿಕೊಂಡನು. ಬಲ್ಲವನು ಬದುಕಿದ್ದಾಗಲೇ ಕೇಳಿ ಮಾಡಿದ್ದರಿಂದ ಆ ಕೆಲಸದ ಬಗೆಯಾದರೂ ನಮಗೆ ತಿಳಿಯುವಂತಾಯಿತು.

ಪಿರಾಂಡೆಲೊನ ಮಾತು ಪುಸ್ತಕದಲ್ಲಿ ಭದ್ರವಾಗಿದೆ. ಆ ಮಾತಿಗೆ ತಕ್ಕ ಮುಖವನ್ನು ತಕ್ಕ ಕ್ಷಣದಲ್ಲಿ ತಂದು ನಿಲ್ಲಿಸಿದವನ ಶ್ರಮಕ್ಕೆ ಹಸ್ತಪ್ರತಿಯೆಂಬುದಿಲ್ಲ. ಓಲೆಗರಿಯ ಒಂದು ಪಾಠಾಂತರಕ್ಕಾಗಿ ವರ್ಷಗಟ್ಟಲೆ ಹುಡುಕುವ ನಾವು, ಪ್ರಯೋಗದ ನೆನಪುಗಳನ್ನೂ ಅಷ್ಟೇ ಆಸ್ಥೆಯಿಂದ, ಕಾಲ ಮೀರುವ ಮುನ್ನ, ಬರೆದಿಡಬೇಡವೆ?