ರವೆ ಇಡ್ಲಿಯ ಚರಿತ್ರೆ

ಎರಡನೆಯ ಮಹಾಯುದ್ಧದ ಪಾಠ ಬಂದಾಗ ನಾನು ತರಗತಿಗೆ ಹಿಟ್ಲರನಿಗಿಂತ ಮೊದಲು ರವೆ ಇಡ್ಲಿಯನ್ನು ತರುತ್ತೇನೆ. ಮಕ್ಕಳು ನಗುತ್ತಾರೆ. ನಗಲಿ, ನಕ್ಕ ಪಾಠ ಮರೆಯುವುದಿಲ್ಲ. 1942ರಲ್ಲಿ ಜಪಾನೀಯರು ಬರ್ಮಾವನ್ನು ಹಿಡಿದುಕೊಂಡರು. ಅಲ್ಲಿಂದ ನಮ್ಮ ದೇಶಕ್ಕೆ ಬರುತ್ತಿದ್ದ ಅಕ್ಕಿ ನಿಂತುಹೋಯಿತು. ಅಕ್ಕಿಯಿಲ್ಲದೆ ಇಡ್ಲಿಯ ಹೋಟೆಲು ನಡೆಯುವುದು ಹೇಗೆ? ಬೆಂಗಳೂರಿನ ಎಂ.ಟಿ.ಆರ್.ನವರು ರವೆಯಲ್ಲಿ ಮಾಡಿ ನೋಡಿದರು. ರವೆ ಇಡ್ಲಿ ಹುಟ್ಟಿದ್ದು ಹೀಗೆ ಎಂದು ಅವರೇ ಹೇಳಿಕೊಂಡು ಬಂದಿದ್ದಾರೆ.

ಆ ಹೋಟೆಲನ್ನು 1924ರಲ್ಲಿ ತೆರೆದವರು ಉಡುಪಿ ಸೀಮೆಯ ಪಾರಂಪಳ್ಳಿಯಿಂದ ಬಂದ ಮಯ್ಯ ಸಹೋದರರು. ಅದಕ್ಕೆ ಮೊದಲು ಅವರು ದೊಡ್ಡವರ ಮನೆಗಳಲ್ಲಿ ಅಡುಗೆ ಮಾಡುತ್ತಿದ್ದರು. ಅವರಲ್ಲಿ ಯಜ್ಞನಾರಾಯಣ ಮಯ್ಯರು 1951ರಲ್ಲಿ ಯೂರೋಪು ಸುತ್ತಿ ಬಂದರು. ಅಲ್ಲಿಂದ ಅವರು ತಂದದ್ದು ಯಾವ ತಿಂಡಿಯನ್ನೂ ಅಲ್ಲ. ಶುಚಿತ್ವದ ಶಿಸ್ತು, ಲೋಟ ತಟ್ಟೆಗಳನ್ನು ಹಬೆಯಲ್ಲಿ ಶುದ್ಧಿ ಮಾಡುವ ಪದ್ಧತಿ.

ನಿಜವಾದ ಪರೀಕ್ಷೆ ಬಂದದ್ದು ತುರ್ತುಪರಿಸ್ಥಿತಿಯಲ್ಲಿ. 1975ರ ನಂತರ ಹೋಟೆಲು ತಿಂಡಿಗಳ ದರವನ್ನು ಸರ್ಕಾರವೇ ಗೊತ್ತುಮಾಡಿತು. ಆ ದರಕ್ಕೆ ತಿಂಡಿ ಕೊಡಬೇಕಾದರೆ ತುಪ್ಪ ಕಡಿಮೆ ಮಾಡಬೇಕು, ಇಲ್ಲವೇ ನಷ್ಟ ಹೊರಬೇಕು. ಅವರು ತುಪ್ಪಕ್ಕೆ ಕೈ ಹಚ್ಚದೆ ಹೋಟೆಲನ್ನೇ ಮುಚ್ಚಿದರು. ಮುಚ್ಚಿ ಸುಮ್ಮನೆ ಕೂರಲಿಲ್ಲ. ಸಾರಿನ ಪುಡಿ, ಮಸಾಲೆ ಪುಡಿ, ತಿಂಡಿಗಳ ಹಿಟ್ಟನ್ನು ಪೊಟ್ಟಣ ಕಟ್ಟಿ ಮಾರತೊಡಗಿದರು. ಹೋಟೆಲು ಮತ್ತೆ ತೆರೆದದ್ದು 1984ರಲ್ಲಿ.

ಇಲ್ಲಿ ಒಂದು ಸ್ವಾರಸ್ಯವಿದೆ, ಅಡುಗೆಮನೆ ಬಲ್ಲವರಿಗೆ ಬೇಗ ಹೊಳೆಯುತ್ತದೆ. ಅಕ್ಕಿ ಇಡ್ಲಿಯಾದರೆ ನೆನೆಸಬೇಕು, ರುಬ್ಬಬೇಕು, ರಾತ್ರಿಯಿಡೀ ಹುದುಗಲು ಬಿಡಬೇಕು. ಅದನ್ನು ಪೊಟ್ಟಣದಲ್ಲಿ ಕಟ್ಟುವುದೆಂತು? ರವೆ ಇಡ್ಲಿಗೆ ಹುರಿದ ರವೆ, ಒಗ್ಗರಣೆ, ಚಿಟಿಕೆ ಸೋಡಾ. ಮೊಸರು ಸೇರಿಸಿದರೆ ಹಿಟ್ಟು ಸಿದ್ಧ. ಬರಗಾಲಕ್ಕೆಂದು ಕಂಡುಕೊಂಡ ತಿಂಡಿ ಮೂವತ್ತು ವರ್ಷಗಳ ಮೇಲೆ ಪೊಟ್ಟಣಕ್ಕೆ ಅಳತೆ ಮಾಡಿದಂತೆ ಒದಗಿತು.

ಎಂ.ಬಿ.ಎ. ಓದುವ ನನ್ನ ಮಗಳ ಪುಸ್ತಕದಲ್ಲಿ ಇದಕ್ಕೊಂದು ಹೆಸರಿದೆ: 'ಡೈನಮಿಕ್ ಕೇಪಬಿಲಿಟೀಸ್'. ಡೇವಿಡ್ ಟೀಸ್ ಮತ್ತು ಅವರ ಇಬ್ಬರು ಸಂಗಡಿಗರು 1997ರಲ್ಲಿ ಬರೆದ ಲೇಖನದಿಂದ ಆ ಮಾತು ಪ್ರಸಿದ್ಧವಾಯಿತಂತೆ. ಕಾಲ ತಿರುಗುವುದನ್ನು ಗುರುತಿಸಿ, ಕೈಯಲ್ಲಿರುವ ವಿದ್ಯೆಯನ್ನೇ ಹೊಸದಾಗಿ ಜೋಡಿಸಿಕೊಳ್ಳುವ ಶಕ್ತಿ ಎಂದು ನಾನು ಅರ್ಥ ಮಾಡಿಕೊಂಡೆ. ತಿಂಗಳ ಕೊನೆಯಲ್ಲಿ ಸಂಸಾರ ತೂಗಿಸುವ ಹೆಂಗಸರಿಗೆ ಈ ವಿದ್ಯೆಯನ್ನು ಯಾರೂ ಕಲಿಸಬೇಕಾಗಿಲ್ಲ, ಅದು ಬೇರೆ ಮಾತು.

ನಮ್ಮ ಅಮ್ಮನಿಗೆ ಈ ಪೊಟ್ಟಣಗಳೆಂದರೆ ಆಗುತ್ತಿರಲಿಲ್ಲ. "ಹಿಂದೆ ಬರೆದದ್ದನ್ನು ಓದಿಕೊಂಡು ಮಾಡುವುದೂ ಒಂದು ಅಡುಗೆಯೇನೇ?" ಎನ್ನುತ್ತಿದ್ದಳು. ಏಳೂವರೆಯ ಬಸ್ಸು ಹಿಡಿಯಬೇಕಾದ ನನಗೆ ಅದೇ ಆಸರೆಯಾಗಿತ್ತು. ಆದರೂ ಅಮ್ಮನ ಮಾತಿನಲ್ಲಿ ಸತ್ಯವಿಲ್ಲದಿಲ್ಲ. ಅವಳ 'ಒಂದು ಹಿಡಿ', 'ಕಣ್ಣಂದಾಜು' ಎಲ್ಲಿಯೂ ಬರೆದಿರಲಿಲ್ಲ, ಅವಳೊಂದಿಗೆ ಹೋಯಿತು. ಮಯ್ಯರು ತಮ್ಮ ಕಣ್ಣಂದಾಜನ್ನು ಗ್ರಾಮುಗಳಿಗೆ ಇಳಿಸಿದರು, ಅದು ಉಳಿಯಿತು. ಮುಂದೆ ಮೈಸೂರಿನ ರಕ್ಷಣಾ ಆಹಾರ ಸಂಶೋಧನಾಲಯದ ತಂತ್ರಜ್ಞಾನ ಪಡೆದು, ಬಿಸಿ ಮಾಡಿ ಉಣ್ಣುವ ಪದಾರ್ಥಗಳನ್ನೂ ಹೊರತಂದರು.

2007ರಲ್ಲಿ ಪೊಟ್ಟಣಗಳ ಉದ್ಯಮ, ಹೆಸರಿನ ಸಮೇತ, ನಾರ್ವೆ ದೇಶದ ಓರ್ಕ್ಲಾ ಕಂಪನಿಯ ಪಾಲಾಯಿತು. ಹೋಟೆಲು ಮನೆತನದಲ್ಲೇ ಉಳಿಯಿತು. ಸುದ್ದಿ ಓದಿದಾಗ ತವರಿನ ಪಾತ್ರೆ ಮಾರಿದಷ್ಟು ಸಂಕಟವಾಯಿತು ನನಗೆ. ಮಾರಿದ ಸದಾನಂದ ಮಯ್ಯರು ಮಾತ್ರ ಕೆಲವು ವರ್ಷಗಳ ಮೇಲೆ 'ಮಯ್ಯಾಸ್' ಎಂಬ ಹೊಸ ಹೆಸರಿನಲ್ಲಿ ಮತ್ತೆ ಒಲೆ ಹಚ್ಚಿದರು.